ಮೆಕ್ಕೆಜೋಳದ ಜೊತೆ ಅವರೆ, ಕುಂಬಳ: ಮಾಯಾ ಜನರ ಪದ್ಧತಿ ನಮ್ಮಲ್ಲಿ ನಡೆಯುತ್ತಾ?

ಜಗಳೂರು ರೈತ:
ನಮ್ಮದು ಮಳೆ ನಂಬಿದ ಹೊಲ, ಪೂರ್ತಿ ಮೆಕ್ಕೆಜೋಳ. ಮೆಕ್ಸಿಕೋದ ಯುಕಟಾನ್ ಕಡೆಯ ಮಾಯಾ ಜನ ಇದೇ ಜೋಳದ ನಡುವೆ ಬೀನ್ಸ್, ಕುಂಬಳ ಹಾಕುತ್ತಾರಂತೆ. ಇಲ್ಲಿ ಆಗಿಬರುತ್ತಾ?

ಹೊಸದುರ್ಗದ ಮೇಷ್ಟ್ರು:
ಅದಕ್ಕೆ ಮಿಲ್ಪಾ ಎನ್ನುತ್ತಾರೆ. ಬೀನ್ಸ್ ಬಳ್ಳಿ ದಂಟಿಗೆ ಹಬ್ಬುತ್ತದೆ, ಅದರ ಬೇರಿನ ಗಂಟಿನಿಂದ ಮಣ್ಣಿಗೆ ಸಾರಜನಕ. ಕುಂಬಳದ ಎಲೆ ನೆಲ ಮುಚ್ಚಿ ತೇವ ಹಿಡಿಯುತ್ತದೆ. ಕೆಲವು ವರ್ಷ ಬೆಳೆದು ಹೊಲವನ್ನು ಮತ್ತೆ ಕಾಡಿಗೇ ಬಿಡುತ್ತಾರೆ. ಅಷ್ಟು ಜಾಗ ನಮಗೆಲ್ಲಿದೆ, ಬಿಡಿ! ಮೊದಲು ಹೇಳಿ, ಕಳೆ ಸಾಯಿಸುವ ಅಟ್ರಾಜಿನ್ ಔಷಧಿ ಹೊಡೆಯುತ್ತೀರಾ? ಹೊಡೆದರೆ ಅವರೆಯೂ ಇಲ್ಲ, ಕುಂಬಳವೂ ಇಲ್ಲ.

ಜೇನು ಹುಚ್ಚ:
ಅವರ ಜೇನನ್ನು ಮರೆತಿರಲ್ವಾ! ಶೂನಾನ್ ಕಾಬ್ ಅಂತ, ನಮ್ಮ ನಸರಿ ಜೇನಿನ ಹಾಗೆ ಚುಚ್ಚದ ಜಾತಿ. ಟೊಳ್ಳು ದಿಮ್ಮಿಯ ಎರಡೂ ತುದಿಗೆ ಬಿಲ್ಲೆ ಇಟ್ಟು, ಮಣ್ಣು ಮೆತ್ತಿ ಸಾಕುತ್ತಾರೆ. ನಡುವೆ ಸಣ್ಣ ತೂತು. ಅಲ್ಲಿ ಒಂದೇ ಒಂದು ನೊಣ ತಲೆ ಹಾಕಿಕೊಂಡು ಕಾವಲು ಕೂತಿರುತ್ತದೆ. ಮ್ಯಾಡ್ರಿಡ್‌ನಲ್ಲಿರುವ ಅವರ ಹಳೇ ಚಿತ್ರಲಿಪಿ ಪುಸ್ತಕದಲ್ಲಿ ಜೇನಿಗೇ ಹಲವು ಪುಟಗಳಿವೆ. ಕಾಡು ಕಡಿದಷ್ಟೂ ಈ ಜೇನು ಕಡಿಮೆಯಾಗುತ್ತಿದೆ.

ಜಗಳೂರು ರೈತ:
ಅಟ್ರಾಜಿನ್ ಹೊಡೆಯುತ್ತೇವೆ ಮೇಷ್ಟ್ರೇ, ಆಳು ಸಿಗಲ್ಲ. ನಮ್ಮಜ್ಜಿ ರಾಗಿ ಹೊಲದಲ್ಲಿ ನಡುನಡುವಿನ ಅಕ್ಕಡಿ ಸಾಲಿಗೆ ಅವರೆ, ಹುಚ್ಚೆಳ್ಳು ಹಾಕಿಸುತ್ತಿದ್ದರು. ಈ ಸಲ ಬದುವಿನ ಪಕ್ಕದ ನಾಲ್ಕು ಸಾಲು ಔಷಧಿ ಇಲ್ಲದೆ ಬಿಡುತ್ತೇನೆ. ನಾಟಿ ಬಳ್ಳಿ ಅವರೆ ಬೀಜ ಯಾರ ಹತ್ತಿರವಾದರೂ ಇದೆಯಾ?