ಸಹಾಯ ಬೇಕು: ಟಿ.ಸಿ.ಯಲ್ಲಿ ‘ಕುರುಬ’, ಬೇಕಿರುವುದು ಬೆಟ್ಟ ಕುರುಬ ಪ್ರಮಾಣಪತ್ರ

ಎಲ್ಲರಿಗೂ ನಮಸ್ಕಾರ. ಚಾಮರಾಜನಗರ ಜಿಲ್ಲೆಯ ಹಾಡಿಯೊಂದರ (ಬುಡಕಟ್ಟು ಜನರ ಊರು) ಬೆಟ್ಟ ಕುರುಬ ವಿದ್ಯಾರ್ಥಿನಿಗೆ ಎಸ್‌ಟಿ ಪ್ರಮಾಣಪತ್ರ ಬೇಕು. ಎಸ್‌ಟಿ ಪಟ್ಟಿಯಲ್ಲಿರುವ ಕಾಡು ಕುರುಬದ ಪರ್ಯಾಯ ಹೆಸರಾಗಿ ಬೆಟ್ಟ ಕುರುಬ ಸೇರಿಸುವ ಮಸೂದೆಗೆ 2022ರ ಡಿಸೆಂಬರ್‌ನಲ್ಲೇ ಸಂಸತ್ತು ಒಪ್ಪಿದೆ. ತೊಡಕಿರುವುದು ಟಿ.ಸಿ.ಯಲ್ಲಿ (ಶಾಲೆಯ ವರ್ಗಾವಣೆ ಪ್ರಮಾಣಪತ್ರ). ಮೇಷ್ಟ್ರು ಬರೀ ‘ಹಿಂದೂ ಕುರುಬ’ ಅಂತ ಬರೆದಿದ್ದಾರೆ. ಬರೀ ಕುರುಬ ಅಂದರೆ ಹಿಂದುಳಿದ ವರ್ಗಗಳ ಪ್ರವರ್ಗ 2ಎ, ಎಸ್‌ಟಿ ಅಲ್ಲ, ಹಾಗಾಗಿ ನಾಡಕಚೇರಿಗೆ ಅರ್ಜಿ ಹಾಕಿದರೂ ಗ್ರಾಮ ಆಡಳಿತಾಧಿಕಾರಿಯ ವರದಿಯಲ್ಲೇ ಸಿಕ್ಕಿಕೊಳ್ಳುತ್ತದೆ. ತಂದೆ, ಅಜ್ಜ ಶಾಲೆಯ ಮೆಟ್ಟಿಲು ಹತ್ತಿದವರಲ್ಲ. ಕೈಯಲ್ಲಿರುವುದು ಅರಣ್ಯ ಹಕ್ಕುಪತ್ರ, ವಂಶವೃಕ್ಷ, ದೊಡ್ಡಪ್ಪನ ಮಗನ ಎಸ್‌ಟಿ ಪ್ರಮಾಣಪತ್ರ.

ಇಷ್ಟರ ಮೇಲೆ ಹಾಡಿಯಲ್ಲೇ ಸ್ಥಳ ಮಹಜರು (ಸ್ಥಳದಲ್ಲೇ ವಿಚಾರಿಸಿ ಬರೆಯುವ ವರದಿ) ಮಾಡಿಸಿ ಪ್ರಮಾಣಪತ್ರ ಪಡೆದವರು ಇದ್ದೀರಾ? ಮಹಜರಿನಲ್ಲಿ ಕುಲ, ಮದುವೆ ಸಂಬಂಧ, ಆಡುನುಡಿ ಎಲ್ಲ ಬರೆಸಿದಿರಾ? ತಹಶೀಲ್ದಾರ್ ತಿರಸ್ಕರಿಸಿದರೆ ಲಿಖಿತ ಹಿಂಬರಹ ಪಡೆದು 30 ದಿನದೊಳಗೆ ಉಪವಿಭಾಗಾಧಿಕಾರಿಗೆ ಮೇಲ್ಮನವಿ ಹಾಕಿಸುತ್ತೇವೆ. ಬಾಯಿಮಾತಿನ ‘ಆಗಲ್ಲ’ ಮೇಲ್ಮನವಿಗೆ ಪ್ರಯೋಜನಕ್ಕೆ ಬರುವುದಿಲ್ಲ. ಅಂಥ ಮೇಲ್ಮನವಿಯ ಮಾದರಿ ಇದ್ದವರು, ಹೆಸರು ಮರೆಮಾಡಿ, ದಯವಿಟ್ಟು ಇಲ್ಲಿ ಹಾಕಿ.