ಪದಚರ್ಚೆ: ಮನೆ ಕೆಡವಿದ್ದನ್ನೂ ‘ಮೂಲಸೌಕರ್ಯ’ ಅನ್ನಬಹುದಾ?

ಕೇಳಿದವರು: ಅನುವಾದಕಿ, ಧಾರವಾಡ

ಎಲ್ಲರಿಗೂ ನಮಸ್ಕಾರ. ಅಮೆರಿಕದ ಕಾಲುವೆ, ಅಣೆಕಟ್ಟು, ಹೆದ್ದಾರಿಗಳ ಚರಿತ್ರೆಯ ಬಗ್ಗೆ ಒಂದು ಉದ್ದ ಲೇಖನವನ್ನು ಮಾಸಪತ್ರಿಕೆಗಾಗಿ ಕನ್ನಡಕ್ಕೆ ತರುತ್ತಿದ್ದೇನೆ. ನಾಳೆ ಸಂಜೆ ಅಚ್ಚಿಗೆ ಹೋಗಬೇಕು. ‘ಇನ್‌ಫ್ರಾಸ್ಟ್ರಕ್ಚರ್’ ಬಂದಲ್ಲೆಲ್ಲ ‘ಮೂಲಸೌಕರ್ಯ’ ಎಂದು ಹಾಕಿಕೊಂಡು ಬಂದೆ. ಎರಿ ಕಾಲುವೆಯ ಭಾಗದಲ್ಲಿ ಏನೂ ತೊಂದರೆ ಆಗಲಿಲ್ಲ. 1956ರ ಹೆದ್ದಾರಿ ಕಾಯಿದೆಗೆ ಬಂದಾಗ ಸಿಕ್ಕಿಕೊಂಡೆ.

ಅಧ್ಯಕ್ಷ ಐಸೆನ್‌ಹೋವರ್ ಸಹಿ ಹಾಕಿದ ಆ ಕಾಯಿದೆಯಲ್ಲಿ 41,000 ಮೈಲಿ ಹೆದ್ದಾರಿಯ ಯೋಜನೆ ಇತ್ತು. ಖರ್ಚಿನ ಶೇ. 90ರಷ್ಟು ಒಕ್ಕೂಟ ಸರ್ಕಾರದ್ದು. ದೊಡ್ಡ ನಗರಗಳ ಒಳಗೆ ಹಾದಾಗ ಆ ದಾರಿ ಹಲವು ಕಡೆ ಆಫ್ರಿಕನ್ ಅಮೆರಿಕನ್ನರ ಬಡಾವಣೆಗಳನ್ನೇ ಸೀಳಿತು. ಅಲ್ಲಿನ ಸಾರಿಗೆ ಇಲಾಖೆಯ ಅಂದಾಜಿನಂತೆ 1957ರಿಂದ 1977ರವರೆಗೆ 4,75,000ಕ್ಕೂ ಜಾಸ್ತಿ ಕುಟುಂಬಗಳು ಮನೆ ಬಿಟ್ಟವು. ಈಗ ‘ಮೂಲಸೌಕರ್ಯವು ಅವರ ಮನೆಗಳನ್ನು ನೆಲಸಮ ಮಾಡಿತು’ ಎಂದು ಹೇಗೆ ಬರೆಯಲಿ? ಸೌಕರ್ಯ ಮನೆ ಕೆಡವುತ್ತಾ? ಒಳ್ಳೆಯದಾದರೂ ಕೆಟ್ಟದಾದರೂ ಒಗ್ಗುವ ಪದ ಬೇಕು. ಶೀರ್ಷಿಕೆಗೂ ಅದೇ ಬೇಕು. ದಯವಿಟ್ಟು ಬೇಗ ತಿಳಿಸಿ.

ಉತ್ತರ: ನಿಘಂಟು ಕೆಲಸದವರು, ಮೈಸೂರು

ಅಡಿಗಟ್ಟು. ಅಡಿ + ಕಟ್ಟು, ಆದೇಶ ಸಂಧಿ. ಮೂಲವೂ ಸಂಸ್ಕೃತ, ಸೌಕರ್ಯವೂ ಸಂಸ್ಕೃತ. ಎರಡನ್ನೂ ಕೈಬಿಡಿ. ‘ಹಿರಿದು’ ಎಂಬುದರಿಂದ ಹೆದ್ದಾರಿ, ಹೆಬ್ಬಾಗಿಲು, ಹೆಮ್ಮರ ಮಾಡಿಕೊಂಡ ನುಡಿ ನಮ್ಮದು. ಇದಕ್ಕೂ ಪದ ಕಟ್ಟುವ ಕಸುವು ಅದಕ್ಕಿದೆ.

ಉತ್ತರ: ಸಂಸ್ಕೃತ ಮೇಷ್ಟ್ರು, ಉಡುಪಿ

ಸೌಕರ್ಯ ಎಂದರೆ ಸುಖವಲ್ಲ. ಸುಕರದ ಭಾವ ಸೌಕರ್ಯ. ಸುಲಭವಾಗಿ ಮಾಡಲು ಆಗುವುದು ಸುಕರ, ಮಾಡಲು ಕಷ್ಟವಾದದ್ದು ದುಷ್ಕರ. ಸರಕು ಸಾಗಿಸುವುದನ್ನು ಹೆದ್ದಾರಿ ಸುಕರ ಮಾಡಿತು, ಹಾಗಾಗಿ ಅದು ಸೌಕರ್ಯ. ಪಕ್ಕದಲ್ಲಿ ಯಾರ ಮನೆ ಹೋಯಿತು ಅನ್ನೋದು ಪದದ ಜವಾಬ್ದಾರಿ ಅಲ್ಲ. ಮೂಲಸೌಕರ್ಯ ಸರಿಯಾಗಿಯೇ ಇದೆ, ಮುಟ್ಟಬೇಡಿ.

‘ಅಡಿಗಟ್ಟು’ ಓದಿದವರು ಮನೆಯ ಪಾಯ ಅಂದುಕೊಳ್ಳುತ್ತಾರೆ. ಅದರ ಮೇಲೆ ಚರ್ಚೆ ಬೇಡ.

ಉತ್ತರ: ನಿವೃತ್ತ ಇಂಜಿನಿಯರ್, ಶಿವಮೊಗ್ಗ

ಮೇಷ್ಟ್ರೇ, ಪಾಯ ಅಂದುಕೊಂಡರೆ ಮೂಲಕ್ಕೆ ಹತ್ತಿರವೇ ಆಯಿತು. ‘ಇನ್‌ಫ್ರಾಸ್ಟ್ರಕ್ಚರ್’ ಎಂಬ ಪದ ಹುಟ್ಟಿದ್ದು 19ನೇ ಶತಮಾನದ ಫ್ರಾನ್ಸಿನ ರೈಲು ಕೆಲಸದಲ್ಲಿ. ಹಳಿಯ ಕೆಳಗಿನ ಮಣ್ಣಿನ ಏರಿ, ಸೇತುವೆ, ಸುರಂಗ ಇವಕ್ಕೆಲ್ಲ ಹಾಗೆ ಅನ್ನುತ್ತಿದ್ದರು. ಎರಡನೇ ಮಹಾಯುದ್ಧದ ನಂತರ ನ್ಯಾಟೋ ಸೇನಾ ಒಕ್ಕೂಟದವರು ವಿಮಾನ ನಿಲ್ದಾಣ, ಇಂಧನದ ಕೊಳವೆಗಳಿಗೆ ಬಳಸಿದರು, ಆಮೇಲೆ ಎಲ್ಲ ಕಡೆ ಹರಡಿತು.

ಮೇಡಂ, ನಿಮ್ಮ ಗಮನಕ್ಕೆ ಇನ್ನೊಂದು ಮುಖ್ಯ ವಿಷಯ. ಎರಿ ಕಾಲುವೆ ತೋಡಿದವರ ಬಾಯಲ್ಲಿ ಈ ಪದ ಇರಲೇ ಇಲ್ಲ. 1817ರಿಂದ 1825ರವರೆಗೆ 363 ಮೈಲಿ ತೋಡಿದರು. ಬಫಲೋದಿಂದ ನ್ಯೂಯಾರ್ಕಿಗೆ ಒಂದು ಟನ್ ಸರಕಿಗೆ ಸುಮಾರು 100 ಡಾಲರ್ ಇದ್ದ ಸಾಗಣೆ ಖರ್ಚು 10 ಡಾಲರಿನ ಆಸುಪಾಸಿಗೆ ಇಳಿಯಿತು. ಅಂಥ ಕೆಲಸಕ್ಕೆ ಆಗ ‘ಇಂಟರ್ನಲ್ ಇಂಪ್ರೂವ್‌ಮೆಂಟ್ಸ್’ ಅನ್ನುತ್ತಿದ್ದರು, ಅಂದರೆ ಒಳನಾಡಿನ ಸುಧಾರಣೆ. ಇದಕ್ಕೆ ಒಕ್ಕೂಟದ ಹಣ ಕೊಡಬಹುದೇ ಎಂಬುದೇ ಆಗಿನ ದೊಡ್ಡ ಜಗಳ. ರಾಜಕಾರಣಿ ಹೆನ್ರಿ ಕ್ಲೇ ಕೊಡಬೇಕು ಅಂದರು. ಅಧ್ಯಕ್ಷ ಜಾಕ್ಸನ್ 1830ರಲ್ಲಿ ಮೇಸ್‌ವಿಲ್ ರಸ್ತೆಯ ಮಸೂದೆಯನ್ನು ತಡೆದೇಬಿಟ್ಟರು.

1930ರ ದಶಕದಲ್ಲಿ, ಅಧ್ಯಕ್ಷ ಫ್ರಾಂಕ್ಲಿನ್ ರೂಸ್‌ವೆಲ್ಟ್ ಕಾಲಕ್ಕೆ, ಮಾತು ‘ಪಬ್ಲಿಕ್ ವರ್ಕ್ಸ್’ ಆಯಿತು. ಇದಕ್ಕೆ ನಮ್ಮಲ್ಲಿ ಪದ ಹುಡುಕಬೇಕಿಲ್ಲ. ನಾನು ಇಡೀ ಜೀವನ ಕೆಲಸ ಮಾಡಿದ್ದು ಲೋಕೋಪಯೋಗಿ ಇಲಾಖೆಯಲ್ಲಿ. ‘ಲೋಕೋಪಯೋಗಿ ಕಾಮಗಾರಿ’ ಅನ್ನಿ. ಹಳ್ಳಿಗೆ ವಿದ್ಯುತ್ ಕೊಟ್ಟಿದ್ದನ್ನೂ ಆ ಭಾಗದಲ್ಲಿ ಬಿಡಬೇಡಿ. 1930ರ ದಶಕದ ನಡುವಿನಲ್ಲಿ ಅಲ್ಲಿನ ಹತ್ತರಲ್ಲಿ ಒಂದು ಹೊಲಮನೆಗೆ ಮಾತ್ರ ಕರೆಂಟ್ ಇತ್ತು. 1936ರ ಕಾಯಿದೆ ಬಂದ ಮೇಲೆ ರೈತರ ಸಹಕಾರ ಸಂಘಗಳೇ ಸರ್ಕಾರದಿಂದ ಸಾಲ ತಂದು ತಂತಿ ಎಳೆದವು. ನೀರು ಸೇದುವ, ಒನಕೆ-ಒಲೆಯ ಕಷ್ಟ ಕಂಡವರಿಗೆ ಇದು ಎಂಥ ಬದಲಾವಣೆ ಅಂತ ಗೊತ್ತು. ಕೆಡವಿದ್ದನ್ನಷ್ಟೇ ಬರೆದರೆ ನ್ಯಾಯ ಆಗುವುದಿಲ್ಲ.

ಉತ್ತರ: ಓದುಗ, ಸೇಂಟ್ ಪಾಲ್, ಮಿನೆಸೋಟ

ಮೇಡಂ, ಇಂಜಿನಿಯರ್ ಸಾಹೇಬರು ಹೇಳಿದ್ದು ನಿಜ. ಆದರೆ ‘ಲೋಕೋಪಯೋಗಿ’ಯಲ್ಲೂ ‘ಉಪಯೋಗ’ ಕೂತಿದೆಯಲ್ಲ. ಯಾವ ಲೋಕಕ್ಕೆ ಉಪಯೋಗ?

ನಾನಿರುವ ಊರಿನ ಸಂಗತಿ ಹೇಳುತ್ತೇನೆ. ಇಲ್ಲಿ ರಾಂಡೋ ಎಂಬ ಬಡಾವಣೆ ಇತ್ತು. ಊರಿನ ಕಪ್ಪು ಜನರಲ್ಲಿ ಹೆಚ್ಚಿನವರು ವಾಸವಿದ್ದದ್ದು ಅಲ್ಲೇ. ಸ್ವಂತ ಮನೆ, ಅಂಗಡಿ, ಚರ್ಚು, ಕ್ಲಬ್ಬು ಎಲ್ಲ ಇದ್ದ ಜಾಗ. 94ನೇ ಅಂತರರಾಜ್ಯ ಹೆದ್ದಾರಿ ಅದರ ನಡುವೆ ಬಂತು. 600ಕ್ಕೂ ಹೆಚ್ಚು ಕಪ್ಪು ಕುಟುಂಬಗಳ ಮನೆ ಹೋಯಿತು. ಬೇರೆ ದಾರಿ ಇರಲಿಲ್ಲ ಅನ್ನುವಂತಿಲ್ಲ. ಜಾರ್ಜ್ ಹೆರಾಲ್ಡ್ ಎಂಬ ಊರಿನದೇ ಯೋಜನಾ ಇಂಜಿನಿಯರ್, ಉತ್ತರಕ್ಕೆ ರೈಲು ಹಳಿಗಳ ಪಕ್ಕ ಒಯ್ಯಿರಿ, ಅಲ್ಲಿ ಮನೆಗಳು ಕಡಿಮೆ ಅಂತ ಹೇಳಿದ್ದರು. ಕೇಳಲಿಲ್ಲ. 2015ರಲ್ಲಿ ಮೇಯರ್ ಮತ್ತು ರಾಜ್ಯದ ಸಾರಿಗೆ ಇಲಾಖೆಯ ಮುಖ್ಯಸ್ಥರು ಜನರೆದುರು ಕ್ಷಮೆ ಕೇಳಿದರು. ಇದು ನಮ್ಮೂರಿನ ಕಥೆ ಮಾತ್ರ ಅಲ್ಲ. ಡೆಟ್ರಾಯಿಟಿನ ಹೇಸ್ಟಿಂಗ್ಸ್ ಬೀದಿ, ನ್ಯೂ ಆರ್ಲಿಯನ್ಸಿನ ಕ್ಲೇಬೋರ್ನ್ ಅವೆನ್ಯೂ, ಮಯಾಮಿಯ ಓವರ್‌ಟೌನ್ ಎಲ್ಲ ಕಡೆ ಇದೇ ಆಯಿತು. ಕ್ಲೇಬೋರ್ನ್‌ನಲ್ಲಿ ರಸ್ತೆ ನಡುವೆ ಓಕ್ ಮರಗಳ ದೊಡ್ಡ ಸಾಲಿತ್ತು, ಮಕ್ಕಳು ಆಡುವ, ಜನ ಹಬ್ಬ ಮಾಡುವ ಜಾಗ. 1966ರಲ್ಲಿ ಕಡಿದರು. ಈಗ ಅಲ್ಲಿ ಮೇಲ್ಸೇತುವೆಯ ಕಂಬಗಳಿವೆ.

ಅಲ್ಲೇ ಯಾಕೆ ಹಾಯಿಸಿದರು ಅಂದರೆ ಭೂಮಿ ಅಗ್ಗ, ಅಲ್ಲಿನವರ ಮಾತಿಗೆ ಬೆಲೆ ಇಲ್ಲ. ಭೂಮಿ ಅಗ್ಗ ಆಗಿದ್ದೂ ತಾನಾಗಿ ಅಲ್ಲ. 1930ರ ದಶಕದಲ್ಲಿ ಒಕ್ಕೂಟದ ಗೃಹಸಾಲ ನಿಗಮವೊಂದು ನಗರಗಳ ನಕ್ಷೆಯಲ್ಲಿ ಇಂಥ ಬಡಾವಣೆಗಳಿಗೆ ಕೆಂಪು ಬಣ್ಣ ಹಚ್ಚಿ ‘ಅಪಾಯ’ ಎಂದು ಗುರುತು ಮಾಡಿತು. ಅಂಥ ಕಡೆ ಮನೆಸಾಲ ಸಿಗುವುದು ಕಷ್ಟ. ಸಾಲವಿಲ್ಲದೆ ಮನೆ ಹಳತಾಯಿತು. ಹಳತಾಗಿದ್ದನ್ನೇ ತೋರಿಸಿ ಕೊಳಗೇರಿ ಅಂದರು, ಕೆಡವಿದರು. ಮನೆ ಕಳಕೊಂಡವರಿಗೆ ಸಾಗಣೆ ಖರ್ಚು, ಬೇರೆ ಮನೆಗೆ ನೆರವು ಕೊಡಲೇಬೇಕು ಎಂಬ ಸಮಗ್ರ ಕಾಯಿದೆ ಬಂದದ್ದು 1970ರಲ್ಲಿ. ಅಷ್ಟರಲ್ಲಿ ರಾಂಡೋ ಹೋಗಿ ಆಗಿತ್ತು.

ಪದದ ವಿಷಯ. ನಾನು ಬಾಗಲಕೋಟೆ ಕಡೆಯವನು. ನಮ್ಮಲ್ಲಿ ‘ಮುಳುಗಡೆ’ ಅಂದರೆ ಸಾಕು, ಅಣೆಕಟ್ಟೆಯ ನೀರೂ ಗೊತ್ತಾಗುತ್ತದೆ, ಮನೆ ಬಿಟ್ಟವರೂ ಗೊತ್ತಾಗುತ್ತಾರೆ. ಟೆನ್ನೆಸ್ಸೀ ಕಣಿವೆ ಪ್ರಾಧಿಕಾರದ ನಾರಿಸ್ ಅಣೆಕಟ್ಟಿಗೆ ಸುಮಾರು 2,900 ಕುಟುಂಬಗಳು ಎದ್ದವಲ್ಲ, ಅಲ್ಲಿ ಕಣ್ಣುಮುಚ್ಚಿ ‘ಮುಳುಗಡೆ’ ಹಾಕಿ. ಹೆದ್ದಾರಿಗೆ ನಮ್ಮ ಜನ ಏನನ್ನುತ್ತಾರೆ? ‘ಹೊಲ ಕಾಲುವೆಗೆ ಹೋಯ್ತು’, ‘ಮನೆ ರೋಡಿಗೆ ಹೋಯ್ತು.’ ಅದನ್ನೇ ಬರೆಯಿರಿ: ರಾಂಡೋ ರಸ್ತೆಗೆ ಹೋದ ಕೇರಿ. ‘ಸ್ಥಳಾಂತರಿಸಲಾಯಿತು’ ಅಂತ ದಯವಿಟ್ಟು ಬರೆಯಬೇಡಿ. ಒಕ್ಕಲೆಬ್ಬಿಸಿದರು.

ಉತ್ತರ: ನಿಘಂಟು ಕೆಲಸದವರು, ಮೈಸೂರು

ಒಕ್ಕಲೆಬ್ಬಿಸು ಒಳ್ಳೆಯ ಪದ, ಒಪ್ಪಿದೆ. ‘ರಸ್ತೆ’ ಪಾರ್ಸಿ. ದಾರಿಗೆ ಹೋದ ಕೇರಿ ಅನ್ನಿ.

ಉತ್ತರ: ಓದುಗ, ಸೇಂಟ್ ಪಾಲ್

ಸರ್, ‘ದಾರಿಗೆ ಹೋದ’ ಅಂದರೆ ಅರ್ಥವೇ ಬೇರೆ. ದಾರಿಯಲ್ಲಿ ಹೋಗುವವನು ಅಂತಾಗುತ್ತದೆ. ಜಮೀನೂ ಪಾರ್ಸಿ, ಇಲಾಖೆ ಅರಬ್ಬಿ. ಭೂಮಿ ಕಳಕೊಂಡವನು ದೂರುವ ಭಾಷೆ ಇದೇ. ಅವನ ಬಾಯಿಂದ ಪದ ಕಿತ್ತು ಬೇರೆ ಕೊಡುವುದು ಬೇಡ.

ಉತ್ತರ: ಸಂಸ್ಕೃತ ಮೇಷ್ಟ್ರು, ಉಡುಪಿ

ಪಾರ್ಸಿ, ಅರಬ್ಬಿ ಬಂದರೆ ಬಾಯಿಮಾತು, ಸಂಸ್ಕೃತ ಬಂದರೆ ಹೇರಿಕೆ. ಈ ಬಳಗದಲ್ಲಿ ಇದು ಪ್ರತಿ ಸಲ ನಡೆಯುತ್ತದೆ, ನನಗೆ ಬೇಸರವಿದೆ. ಸೇತುವೆ ಎಲ್ಲಿಂದ ಬಂತು? ಬೀದಿ ಎಲ್ಲಿಂದ ಬಂತು? ಇವನ್ನು ಬಿಟ್ಟು ಒಂದು ಊರು ಕಟ್ಟಿ ತೋರಿಸಿ.

ಇನ್ನು ‘ಕೇರಿ’. ಕನ್ನಡದ ಓದುಗನಿಗೆ ಕೇರಿ ಅಂದ ಕೂಡಲೇ ಜಾತಿ ನೆನಪಾಗುತ್ತದೆ. ಅಮೆರಿಕದ ಊರಿಗೆ ಅದನ್ನು ಅಂಟಿಸುವುದು ತಪ್ಪು.

ಉತ್ತರ: ನಿವೃತ್ತ ಇಂಜಿನಿಯರ್, ಶಿವಮೊಗ್ಗ

ಮಡಿಕೇರಿಯಲ್ಲೂ ಕೇರಿ ಇದೆ, ಅಲ್ಲಿ ಯಾವ ಜಾತಿ ನೆನಪಾಗುತ್ತದೆ? ಒಂದೇ ಸಮುದಾಯ ಒಟ್ಟಿಗೆ ಇರುವ ಬೀದಿಗಳ ಗುಂಪು ಕೇರಿ. ಬೇರೆಡೆ ಮನೆ ಕೊಡದೆ ಜನರನ್ನು ಒಂದೇ ಕಡೆ ಇರಿಸಿದ್ದು ಅಲ್ಲೂ ನಡೆದಿದೆ. ಆ ನೆರಳು ಪದದಲ್ಲಿ ಬಂದರೆ ಬರಲಿ.

ಕೇಳಿದವರು: ಅನುವಾದಕಿ, ಧಾರವಾಡ

ಎಲ್ಲರಿಗೂ ಧನ್ಯವಾದ. ಇಂಜಿನಿಯರ್ ಸರ್ ಪತ್ರದಿಂದ ನನಗೆ ದಾರಿ ಸಿಕ್ಕಿತು. 200 ವರ್ಷದಲ್ಲಿ ಅಮೆರಿಕದವರೇ ಪದ ಬದಲಿಸಿಕೊಂಡು ಬಂದಿದ್ದಾರೆ. ಹಾಗಿರುವಾಗ ಕನ್ನಡದಲ್ಲಿ ಸುಮ್ನೆ ಒಂದೇ ಪದ ಎಳೆದರೆ ಚರಿತ್ರೆಯೇ ಅಳಿಸಿಹೋಗುತ್ತದೆ. ಕಾಲುವೆ ಕಾಲಕ್ಕೆ ‘ಒಳನಾಡಿನ ಸುಧಾರಣೆ’, ರೂಸ್‌ವೆಲ್ಟ್ ಕಾಲಕ್ಕೆ ‘ಲೋಕೋಪಯೋಗಿ ಕಾಮಗಾರಿ’ ಹಾಕುತ್ತೇನೆ. ಆ ಪದಗಳಲ್ಲಿರುವ ಒಳ್ಳೆಯತನದ ಹೇಳಿಕೆ ಆಗಿನ ಸರ್ಕಾರಗಳದ್ದೇ, ಇರಲಿ. ‘ಮೂಲಸೌಕರ್ಯ’ ಬರುವುದು ಕೊನೆಗೆ, ಅಮೆರಿಕದ 2021ರ ಇನ್‌ಫ್ರಾಸ್ಟ್ರಕ್ಚರ್ ಕಾಯಿದೆಯ ಹೆಸರಲ್ಲಿ ಮಾತ್ರ. ಹೀಗೆ ಸೀಳಿದ ಬಡಾವಣೆಗಳನ್ನು ಮತ್ತೆ ಕೂಡಿಸಲು ಅದೇ ಕಾಯಿದೆಯಲ್ಲಿ 100 ಕೋಟಿ ಡಾಲರ್ ಇಟ್ಟರು. ಸೌಕರ್ಯ ಎಂಬ ಪದಕ್ಕೆ ಅಲ್ಲಿ ಜಾಗ ಇದೆ ಅನ್ನಿಸಿತು, ಮೇಷ್ಟ್ರೇ.

1956ರ ಭಾಗದಲ್ಲಿ ಹೆಸರುಪದವನ್ನೇ ಬಿಟ್ಟಿದ್ದೇನೆ. ಹೆದ್ದಾರಿ ಕೆಡವಿತು, ಇಲಾಖೆ ಒಕ್ಕಲೆಬ್ಬಿಸಿತು, ರಾಂಡೋ ರಸ್ತೆಗೆ ಹೋಯಿತು ಎಂದೇ ಬರೆದಿದ್ದೇನೆ. ‘ಕೇರಿ’ ಉಳಿಸಿಕೊಂಡೆ. ಶೀರ್ಷಿಕೆ: ‘ಅಮೆರಿಕ ಕಟ್ಟಿದ್ದು, ಕೆಡವಿದ್ದು’.

ಒಂದೇ ಉಳಿದಿದೆ. ನಕ್ಷೆಯ ಕೆಂಪು ಗುರುತಿಗೆ ‘ಕೆಂಪುಗೆರೆ’ ಸಾಕಾ? ಸಂಜೆಯೊಳಗೆ ಯಾರಾದರೂ ಹೇಳಿ.

ಉತ್ತರ: ನಿಘಂಟು ಕೆಲಸದವರು, ಮೈಸೂರು

ಸಾಕು. ಆದರೆ ಕಾಮಗಾರಿ ಬೇಡ, ಕೆಲಸ ಅನ್ನಿ.