ಸಹಾಯ ಬೇಕು: ಸ್ಲೋ ಕುಕ್ಕರ್ ಪೋರ್ಕ್ ರೋಸ್ಟ್‌ನಲ್ಲಿ ಮಾಂಸ ಬೆಂದರೂ ಆಲೂಗೆಡ್ಡೆ ಗಟ್ಟಿ

ಸ್ಲೋ ಕುಕ್ಕರ್ (ಕಡಿಮೆ ಬಿಸಿಯಲ್ಲಿ ಗಂಟೆಗಟ್ಟಲೆ ಬೇಯಿಸೋ ಕರೆಂಟ್ ಪಾತ್ರೆ) ಬಳಸೋರು ಸ್ವಲ್ಪ ದಾರಿ ತೋರಿಸಿ. 6 ಕ್ವಾರ್ಟ್ (ಸುಮಾರು 5.7 ಲೀಟರ್) ಕುಕ್ಕರ್, ಮೂಳೆ ಇಲ್ಲದ ಶೋಲ್ಡರ್ (ಹಂದಿಯ ಭುಜದ ಮಾಂಸ) ಒಂದೂವರೆ ಕೆಜಿ, ಆಲೂಗೆಡ್ಡೆ ಅರ್ಧ ಕೆಜಿ, ಕ್ಯಾರೆಟ್ 4, ಈರುಳ್ಳಿ 2. ಮಾಂಸಕ್ಕೆ ಉಪ್ಪು, ಕಾಳುಮೆಣಸಿನ ಪುಡಿ ಸವರಿ, ಬಾಣಲೆಯಲ್ಲಿ ಎಲ್ಲಾ ಕಡೆ ಕೆಂಪಗೆ ಮಾಡ್ಕೊಂಡು, ಒಂದು ಕಪ್ ನೀರು, 2 ಚಮಚ ಕಾಚಂಪುಳಿ (ವಿನೆಗರ್ ಥರ ಬಳಸೋ ಕೊಡಗಿನ ಕಪ್ಪು ಹುಳಿ) ಸೇರಿಸಿ 'ಲೋ'ನಲ್ಲಿ (ಕಡಿಮೆ ಬಿಸಿಯಲ್ಲಿ) 8 ಗಂಟೆ.

ಮಾಂಸದ್ದು ತಕರಾರಿಲ್ಲ. ಒಳಗೆ 93 ಡಿಗ್ರಿ ಸೆಲ್ಸಿಯಸ್ ಮುಟ್ಟಿದಾಗ ಎಳೆ ಎಳೆಯಾಗಿ ಬಿಡುತ್ತೆ. (ಬೇಗ ತೆಗೀರಿ ಅನ್ನಬೇಡಿ. 71ಕ್ಕೇ ತಿನ್ನೋಕೆ ಸುರಕ್ಷಿತ, ನಿಜ, ಆದ್ರೆ ಶೋಲ್ಡರ್ ಆಗ ರಬ್ಬರು.)

ತರಕಾರಿ ಮಾಂಸದ ಮೇಲಿಟ್ಟರೆ ಬೇಯಲ್ಲ, ಬಿಸಿ ಬರೋದು ಪಾತ್ರೆಯ ಗೋಡೆಯಿಂದ. ತಳಕ್ಕೆ ಹಾಕಿದ್ರೆ ಕ್ಯಾರೆಟ್ ಸರಿಹೋಗುತ್ತೆ, 3 ಸೆಂ.ಮೀ. ಹೋಳಿನ ಆಲೂಗೆಡ್ಡೆ ಮಾತ್ರ ನಡುವೆ ಕಚಕಚ. ಸಣ್ಣಗೆ ಹೆಚ್ಚಿದ್ರೂ ಅದೇ ಕಥೆ. ಮಧ್ಯದಲ್ಲಿ ಮುಚ್ಚಳ ತೆಗೆದು ಹಾಕೋಣ ಅಂದ್ರೆ ಬಿಸಿಯೆಲ್ಲಾ ಹೋಗಿ ಮತ್ತೆ ಏರೋಕೆ ಅರ್ಧ ಗಂಟೆ ಬೇಕು.

ನನ್ನ ಅನುಮಾನ ಕಾಚಂಪುಳಿ ಮೇಲೆ. ಹುಳಿ ಇದ್ದಾಗ ತರಕಾರಿಯ ಪೆಕ್ಟಿನ್ (ಜೀವಕೋಶಗಳನ್ನ ಹಿಡಿದಿಡೋ ಅಂಟು) ಸುಲಭಕ್ಕೆ ಕರಗಲ್ಲ, ಹುಣಸೆಹುಳಿ ಮೊದಲೇ ಬಿದ್ದ ಸಾರಿನ ತರಕಾರಿ ಬೇಯದ ಹಾಗೆ. ಆದ್ರೆ ಅದನ್ನ ಕೊನೇಲಿ ಹಾಕಿದ್ರೆ ಹುಳಿ ಗ್ರೇವಿಯಲ್ಲೇ ಉಳಿದು ಮಾಂಸ ಸಪ್ಪೆ ಆಗುತ್ತೆ.

ಕಾಚಂಪುಳಿ ಅಥವಾ ವಿನೆಗರ್ ಹಾಕಿ ಮಾಡಿರೋರು ಹೇಳಿ: ಆಲೂಗೆಡ್ಡೆಯನ್ನ ಮೊದಲೇ ಉಪ್ಪುನೀರಲ್ಲಿ ಅರೆಬೇಯಿಸಿ ತಳಕ್ಕೆ ಹಾಕೋದಾ, ಹಾಗಾದ್ರೆ ಎಷ್ಟು ನಿಮಿಷ? ಇಲ್ಲಾ ಹುಳಿಯನ್ನ ಮಾಂಸಕ್ಕೆ ಮಾತ್ರ ಹಿಂದಿನ ರಾತ್ರಿ ಸವರಿಟ್ಟರೆ ಸಾಕಾ?